ಮಾಸ್ತರರ ವನ್ಸ್ ಮೋರ್

"ಬಂದ ನೋಡ್ರಿ ನಿಮ್ಮ ಶಿಷ್ಯಾ!" ಎಂದು ಮೈಮುನಾಬಿ ಟೀವಿಯ ಕಡೆ ಕೈ ಮಾಡಿದರು. ಅವರ ಗಂಡ ಯೂಸುಫಸಾಬ ಮಾಸ್ತರರು ಕುರ್ಚಿಯಲ್ಲಿ ಮುಂದಕ್ಕೆ ಬಾಗಿ ಕಿವಿಗೊಟ್ಟರು. ಸಕ್ಕರೆ ಕಾಯಿಲೆ ಅವರ ಎರಡೂ ಕಣ್ಣನ್ನು ತಿಂದು ಹಾಕಿತ್ತು. ಟೀವಿಯಲ್ಲಿ ಬಂದ ಆ ಶಿಷ್ಯ ಮೈಲಾರಪ್ಪ ಅವರ ಪಕ್ಕದಲ್ಲೇ ಕೂತಿದ್ದ.

ಬ್ಯಾಡಗಿಯ ನಾಟಕ ಕಂಪನಿಯಲ್ಲಿ ಅವನಿಗೆ ಮಾತು ಕಲಿಸಿದವರು ಈ ಮಾಸ್ತರರೇ. "ನಮ್ಮೂರ ಮೆಣಸಿನಕಾಯಿ ಆಗಬ್ಯಾಡಲೇ, ಬರೇ ಬಣ್ಣ! ದನಿಯೊಳಗ ಖಾರ ಇರಲಿ" ಎಂದು ಬೈದು ಬೈದು ತಿದ್ದಿದ್ದರು. ಆಮೇಲೆ ಅವನು ಬೆಂಗಳೂರಿಗೆ ಹೋಗಿ ಪೊಲೀಸನಾದ, ಪೂಜಾರಿಯಾದ, ಕುಡುಕನಾದ. ಸಿನಿಮಾ, ಧಾರಾವಾಹಿಗಳಲ್ಲಿ ಮಾಡದ ಪಾತ್ರವಿಲ್ಲ. ಆದರೆ 'ನಿಮ್ಮ ಕಡೆ ಭಾಷೆ ನಡೆಯೋದಿಲ್ಲ' ಎಂದು ಪ್ರತಿ ಸಲವೂ ಬೇರೆ ಯಾರೋ ಅವನ ತುಟಿಗೆ ದನಿ ಕೊಟ್ಟರು. ನಾಚಿಕೆಗೆ ಊರಲ್ಲಿ ಯಾರಿಗೂ ಅದನ್ನು ಹೇಳಿರಲಿಲ್ಲ. ಇವತ್ತೂ ಬರುತ್ತಿರಲಿಲ್ಲ. "ಮಾಸ್ತರು ಬಾಳ ದಿನಾ ಇರೂದಿಲ್ಲ. ಒಮ್ಮೆ ನಿನ್ನ ಬಾಜೂ ಕುಂತು ನಿನ್ನ ಪಾತ್ರ ಕೇಳಬೇಕಂತ" ಎಂದು ಮೈಮುನಾಬಿ ಫೋನ್ ಮಾಡಿದ್ದರು.

ಟೀವಿಯ ಮೈಲಾರಪ್ಪ ಮಗಳ ಹೆಣದ ಮುಂದೆ ಕೂತು ಗೋಳಾಡುತ್ತಿದ್ದ: "ಒಂದ್ಸಲ ಕಣ್ಣು ಬಿಡು ಮಗಳೇ, ಅಪ್ಪ ಬಂದಿದೀನಿ."

"ಎಲ್ಲಿ ಅದಾನ? ಇಂವ ಯಾರೋ ಬ್ಯಾರೇದಾಂವ!" ಮಾಸ್ತರರ ಹುಬ್ಬು ಗಂಟಿಕ್ಕಿತು.

ನಿಜ ಹೇಳಿಬಿಡೋಣವೆಂದು ಮೈಲಾರಪ್ಪ ಬಾಯಿ ತೆರೆದ. ಬಂದದ್ದೇ ಬೇರೆ. "ನಾನ ರೀ ಮಾಸ್ತರ. ಪಾತ್ರಕ್ಕ ತಕ್ಕಂಗ ದನಿ ಬದಲಿ ಮಾಡೇನ್ರಿ."

"ಖರೇನ?" ಮಾಸ್ತರರ ಮುಖ ಊರಗಲವಾಯಿತು. "ಕಲಿಸಿದಾಂವಗ ಗುರುತು ಹತ್ತಲಿಲ್ಲಲ್ಲೋ! ನಟ ಅಂದ್ರ ಹಿಂಗಿರಬೇಕು ನೋಡು!" ಕುರ್ಚಿ ಬಡಿದು ಕೂಗಿಯೇ ಬಿಟ್ಟರು: "ವನ್ಸ್ ಮೋರ್!"

ಟೀವಿಯಲ್ಲಿ ಅಷ್ಟರಲ್ಲಿ ಸೋಪಿನ ಜಾಹೀರಾತು ಬಂದಿತ್ತು. ಆದರೆ ಕಂಪನಿ ನಾಟಕದ ರಿವಾಜು ರಿವಾಜೇ. ವನ್ಸ್ ಮೋರ್ ಬಂದರೆ ಸತ್ತು ಬಿದ್ದ ಪಾತ್ರವೂ ಎದ್ದು ನಿಂತು ಮತ್ತೆ ಹೇಳಬೇಕು. ಮಾಸ್ತರರು ಕಾಯುತ್ತಿದ್ದರು.

ಮೈಲಾರಪ್ಪ ಎದ್ದು ನಿಂತ. ಆ ಬೆಂಗಳೂರಿನವನ ದನಿ ತರಲು ಹೆಣಗಿದ. ಗಂಟಲಿನಿಂದ ಹೊರಟದ್ದು ಬ್ಯಾಡಗಿಯ ದನಿಯೇ, ಅದೂ ಎಷ್ಟೋ ವರ್ಷ ಬಳಸದೆ ತುಕ್ಕು ಹಿಡಿದದ್ದು. 'ಅಪ್ಪ' ಎನ್ನುವಷ್ಟರಲ್ಲಿ ಮುರಿದುಬಿತ್ತು. ಪಕ್ಕದ ಮಾರ್ಕೆಟ್ ಯಾರ್ಡಿನ ಮೆಣಸಿನಕಾಯಿ ಘಾಟಿನ ನೆಪದಲ್ಲಿ ಕಣ್ಣೊರೆಸಿಕೊಂಡ. ಕಣ್ಣಿಲ್ಲದವರ ಮುಂದೆ ನೆಪವಾದರೂ ಯಾಕೆ!

ಮಾಸ್ತರರಿಗೆ ಎಲ್ಲ ತಿಳಿಯಿತು. ತಡಕಾಡಿ ಶಿಷ್ಯನ ಕೈ ಹಿಡಿದುಕೊಂಡರು.

"ನಿನಗ ದನಿ ಕೊಟ್ಟಾನಲ್ಲ, ಮುಂದಿನ ಸಲ ಅವನ್ನ ಕರಕೊಂಡ ಬಾರಪಾ. ಚಲೋ ಮಾತಾಡ್ತಾನ."