ದಾರುಮಯ

೧೯೯೬ರ ಆಗಸ್ಟ್ ೮, ಗುರುವಾರ, ಬೆಳಿಗ್ಗೆ ಹನ್ನೊಂದೂ ಇಪ್ಪತ್ತು. ಮುದಿ ವಿಮರ್ಶಕರು ನಿಘಂಟು ಕಚೇರಿಗೆ ಬಂದು, ತಾವು ಬರೆದ ಮಹಾಕಾವ್ಯವನ್ನು ಸಂಪಾದಕಿ ಅಂಬುಜಾಕ್ಷಿಯ ಮೇಜಿನ ಮೇಲಿಟ್ಟರು.

ಅವಳ ಮೊದಲ ಕವನ ಸಂಕಲನವನ್ನು ಪತ್ರಿಕೆಯ ವಿಮರ್ಶೆಯಲ್ಲಿ ಹರಿದುಹಾಕಿದವರು ಇವರೇ. ಆಮೇಲೆ ಅವಳು ಕವಿತೆ ಬರೆದಿರಲಿಲ್ಲ.

"ನನ್ನ ಪುಸ್ತಕ ಈಗ ಯಾರೂ ಓದಲ್ಲಮ್ಮ. ನಿಘಂಟಿನಲ್ಲಿ ಒಂದು ಸಾಲು ಉದಾಹರಣೆಯಾಗಿ ಬಂದರೆ ಹೆಸರಾದರೂ ಉಳಿಯುತ್ತೆ."

"ಆಗಲೇ ಬಂದಿದೆ ಸಾರ್," ಎಂದು ಅವಳು ಕರಡಚ್ಚಿನ ಪುಟವನ್ನು ಮುಂದಿಟ್ಟಳು.

'ದಾರುಮಯ' ಎಂಬ ಪದ. ಮೊದಲ ಅರ್ಥ, ಮರದಿಂದ ಮಾಡಿದ. ಅದಕ್ಕೆ ಹಳೆಯ ಕಾವ್ಯಗಳಿಂದ ಮರದ ಆನೆ, ಮರದ ಪಾದುಕೆಗಳ ಸಾಲುಗಳಿದ್ದವು. ಎರಡನೆಯ ಅರ್ಥ, ಜೀವವಿಲ್ಲದ. ಅದಕ್ಕೆ ಒಂದೇ ಉದಾಹರಣೆ: 'ಅಂಬುಜಾಕ್ಷಿಯವರ ಕವಿತೆಗಳು ಪೂರ್ತಿ ದಾರುಮಯ.'

ವಿಮರ್ಶಕರ ಮುಖ ಅರಳಿತು. "ನಂದೇ ವಾಕ್ಯ. ಬೈದದ್ದನ್ನೇ ಹಾಕಿದ್ದೀಯಲ್ಲಮ್ಮ, ದೊಡ್ಡ ಮನಸ್ಸು ನಿಂದು."

"ಆ ಅರ್ಥದಲ್ಲಿ ಬಳಸಿದವರು ನೀವೊಬ್ಬರೇ ಸಾರ್."

ಅವರ ಬೆರಳು ಸಾಲಿನ ತುದಿಗೆ ಬಂದು ನಿಂತಿತು. "ಇಲ್ಲಿ ಪತ್ರಿಕೆ ಹೆಸರು, ತಾರೀಖು ಅಷ್ಟೇ ಇದೆ. ನನ್ನ ಹೆಸರೆಲ್ಲಿ?"

"ಪತ್ರಿಕೆ ಬರಹಕ್ಕೆ ಬರೆದವರ ಹೆಸರು ಹಾಕಲ್ಲ ಸಾರ್. ನಿಘಂಟಿನ ನಿಯಮ."

"ಬೈಸಿಕೊಂಡವಳ ಹೆಸರು ಮಾತ್ರ ಉಳಿಯುತ್ತೇನು?"

"ಉದಾಹರಣೆ ವಾಕ್ಯ ತಿದ್ದೋ ಹಾಗಿಲ್ಲವಲ್ಲ."

ಅವರು ಕಾವ್ಯವನ್ನು ಅವಳತ್ತ ಮೆಲ್ಲಗೆ ತಳ್ಳಿದರು. ದನಿ ಇಳಿದಿತ್ತು. "ಹಾಗಾದ್ರೆ ಇದರಿಂದ ಒಂದು ಸಾಲು ಹಾಕಮ್ಮ. ಯಾವುದಾದರೂ ಸರಿ."

ಅಂಬುಜಾಕ್ಷಿ ಅಳತೆಪಟ್ಟಿ ತೆಗೆದು ಪುಟದ ಮೇಲಿಟ್ಟು ನಿಧಾನವಾಗಿ ನೋಡಿದಳು.

"ಜಾಗ ಇಲ್ಲ ಸಾರ್."

ಪುಟದ ಕೆಳಗೆ ಖಾಲಿ ಉಳಿದಿದ್ದ ಜಾಗ ನಾಲ್ಕೂವರೆ ಸೆಂಟಿಮೀಟರ್.