ಎರಡನೇ ಚರಣದೊಳಗೆ

ಶೆಡ್ಡಿನಲ್ಲಿ ಅಭ್ಯಾಸದ ನಡುವೆ ಬೇಸ್ ಗಿಟಾರಿನವನು ನಾಲ್ಕೂ ತಂತಿಗಳನ್ನು ಅಂಗೈಯಿಂದ ಒತ್ತಿ ಹಿಡಿದು, ನುಡಿಸುವುದನ್ನು ನಿಲ್ಲಿಸಿದ. ಎರಡನೇ ಚರಣ ಮುಗಿಯುವುದರೊಳಗೆ ಬ್ಯಾಂಡಿನಲ್ಲಿ ಒಬ್ಬನಾದರೂ ತಿರುಗಿ ನೋಡದಿದ್ದರೆ ಇವತ್ತೇ ಬ್ಯಾಂಡ್ ಬಿಟ್ಟುಬಿಡುವುದೆಂದು ಬೆಳಿಗ್ಗೆಯೇ ತೀರ್ಮಾನಿಸಿದ್ದ. ಹದಿನೆಂಟು ವರ್ಷ ಅವರ ಬೆನ್ನು ನೋಡಿದ್ದು ಸಾಕಾಗಿತ್ತು.

ಗಾಯಕ ಕಣ್ಣುಮುಚ್ಚಿ ಕಿರುಚುತ್ತಿದ್ದ. ಡ್ರಮ್ಮಿನವನು ತನ್ನ ಪಾಡಿಗೆ ಬಡಿಯುತ್ತಿದ್ದ. ಸುಮ್ಮನಿರಲಾರದೆ ಬೇಸ್ ಗಿಟಾರಿನವನ ಬೆರಳುಗಳು ತೊಡೆಯ ಮೇಲೇ ತಾಳ ಹಾಕತೊಡಗಿದವು. ಎರಡನೇ ಚರಣ ಮುಗಿಯಿತು. ಯಾರೂ ತಿರುಗಲಿಲ್ಲ. ಇವನು ಗಿಟಾರಿನ ಪಟ್ಟಿಯನ್ನು ಭುಜದಿಂದ ಕಳಚಿದ.

ಅಷ್ಟರಲ್ಲಿ, ಶೆಡ್ಡಿನ ಮೇಲಿನ ಕೋಣೆಯಲ್ಲಿ ಮಲಗಿದ್ದ, ಈ ಗದ್ದಲಕ್ಕೆ ದಿನಾ ಶಾಪ ಹಾಕುವ ಇವನ ಅತ್ತೆ ಮೆಟ್ಟಿಲಿಳಿದು ಬಂದು ಬಾಗಿಲು ತಳ್ಳಿದರು. ಹಾಡು ನಿಂತಿತು.

"ಅಳಿಯಂದ್ರೇ, ನೀವ್ಯಾಕೆ ನಿಲ್ಸಿದ್ರಿ? ನಿಮ್ಮ ಗಿಟಾರಿಗೆ ಮಂಚ ಗುಂಯ್ ಅನ್ನೋದು ನಿಂತು ನಂಗೆ ಎಚ್ಚರ ಆಗೋಯ್ತು."

ಆಗ ಬ್ಯಾಂಡಿನವರೆಲ್ಲ ಇವನತ್ತ ತಿರುಗಿದರು. ಇವನು ಅತ್ತೆಯನ್ನೇ ನೋಡುತ್ತ ಪಟ್ಟಿಯನ್ನು ಮತ್ತೆ ಭುಜಕ್ಕೇರಿಸಿದ.