ಏಳನೆಯ ಷರತ್ತು

ರಿಜಿಸ್ಟರ್ ಅಂಚೆಗೆ ನರಸಣ್ಣ ಕೈ ಚಾಚಲಿಲ್ಲ.

"ಸಹಿ ಮಾಡು ಅಣ್ಣಾ. ಲಿಂಗಸುಗೂರಿಂದ ಬಂದೈತಿ, ಇಂಜಿನಿಯರ್ ಆಫೀಸಿಂದು," ಎಂದ ಪೋಸ್ಟ್‌ಮ್ಯಾನ್ ಚಾಂದ್‌ಪಾಷಾ.

"ಅದಕ್ಕ ಒಲ್ಲೆ. ತಿರುಗಿ ಕಳಿಸು."

ಬಾಗಿಲಲ್ಲಿ ನಿಂತಿದ್ದ ಹೆಂಡತಿ ಸೂಗಮ್ಮ ನಕ್ಕಳು. "ಒಳಗೇನು ಹಾವು ಐತೇನ್ರಿ? ಒಡದು ನೋಡಬಾರದಾ?"

"ಸಹಿ ಮಾಡಿದ್ರ ಅವರು ಬರೆದಿದ್ದಕ್ಕೆಲ್ಲಾ ಒಪ್ಪಿಕೊಂಡಂಗ. ಸುಮ್ನಿರು ನೀ."

ಚಾಂದ್‌ಪಾಷಾ ಲಕೋಟೆಯ ಮೇಲೆ 'ಪಡೆಯಲು ನಿರಾಕರಿಸಿದರು' ಎಂದು ಬರೆದುಕೊಂಡು ಸೈಕಲ್ ಹತ್ತಿದ.

ನರಸಣ್ಣ ಮಸ್ಕಿಯ ಕಲ್ಲುಕೆಲಸದವನು. ಇಪ್ಪತ್ತು ವರ್ಷ ಗುತ್ತಿಗೆದಾರ ರಾಜೇಸಾಬರ ಕೈಕೆಳಗೆ ದುಡಿದು, ತೊಂಬತ್ತೊಂದರಲ್ಲಿ ಸ್ವಂತ ಲೈಸೆನ್ಸ್ ಮಾಡಿಸಿದ್ದ. ಒಂದಾದರೂ ಸರ್ಕಾರಿ ಕೆಲಸ ತನ್ನ ಹೆಸರಿನಲ್ಲಿ ಆಗಬೇಕು. ಇದ್ದದ್ದು ಅದೊಂದೇ ಆಸೆ. ಜವಳಗೇರಾ ಬಳಿ ಹಳ್ಳದ ಮೇಲೆ ಕಾಲುವೆ ದಾಟಿಸುವ ಕಲ್ಲಿನ ಕಮಾನು ಬಿರುಕು ಬಿಟ್ಟು ಟೆಂಡರ್ ಕರೆದಾಗ, ಓಡಿಹೋಗಿ ಫಾರಂ ತಂದಿದ್ದ. ಏಳನೆಯ ಷರತ್ತಿನಲ್ಲಿ ಕಣ್ಣು ನಿಂತಿತ್ತು. ಟೆಂಡರ್ ಹಾಕುವವರು, ಮೇಲೆ ನೀರು ಹರಿಯುತ್ತಿರುವಾಗಲೇ ಇಂಥ ಕಮಾನನ್ನು ದುರಸ್ತಿ ಮಾಡಿದವರಾಗಿರಬೇಕು.

ಅಂಥ ಕೆಲಸ ಆ ಸೀಮೆಯಲ್ಲಿ ನಡೆದದ್ದು ಒಂದೇ ಸಲ, ಎಂಬತ್ತಾರರಲ್ಲಿ, ಬಳಗಾನೂರಿನ ಹತ್ತಿರ. ಸೋರುವ ನೀರಿನಡಿ ಹದಿನೆಂಟು ದಿನ ನಿಂತು ಕಲ್ಲು ಕೂರಿಸಿದವನು ನರಸಣ್ಣ. ಕಾಗದದಲ್ಲಿದ್ದದ್ದು ರಾಜೇಸಾಬರ ಹೆಸರು.

ಟೆಂಡರ್ ಕರೆದ ತಿಂಗಳು ರಾಜೇಸಾಬರು ಎರಡು ಸಲ ಇಂಜಿನಿಯರರ ಕೋಣೆಯಿಂದ ಹೊರಬಂದದ್ದನ್ನು ಅವನು ಕಣ್ಣಾರೆ ಕಂಡಿದ್ದ. ಷರತ್ತು ಅವರಿಗಾಗಿಯೇ ಹಾಕಿದ್ದೆಂಬ ಅನುಮಾನದಿಂದಲೇ ಟಪಾಲನ್ನೂ ತಿರುಗಿಸಿದ್ದ. ಸಿಂಧನೂರಿನ ಹೋಟೆಲಿನಲ್ಲಿ ಎದುರಾದಾಗ ಕೇಳಿಯೇಬಿಟ್ಟ.

"ಆ ಏಳನೇ ಷರತ್ತು ಯಾರ ಅಳತಿ ತಗೊಂಡು ಹೊಲದಾರ್ರೀ ಸಾಬ್ರ?"

ಮುದುಕರು ಚಹಾ ಬಸಿಗೆ ಸುರಿದುಕೊಂಡು ನಕ್ಕರು. "ಯಾರ ಮೈಗೆ ಕೂಡತೈತೋ ಅವರದು. ಬಾಯಿ ಮುಚ್ಚಿಕೊಂಡು ಟೆಂಡರ್ ಹಾಕಲೇ. ಆಫೀಸಿಂದ ಟಪಾಲು ಬಂತಿಲ್ಲೋ?"

ನರಸಣ್ಣನ ಕಿವಿ ನೆಟ್ಟಗಾದವು. ಟಪಾಲಿನ ಸುದ್ದಿ ಈ ಮುದುಕನಿಗೆ ಹೇಗೆ ಗೊತ್ತು?

"ಬಂತು. ತಿರುಗಿ ಕಳಿಸೀನಿ."

ಬಸಿ ಅಲುಗಿ ಚಹಾ ಮೇಜಿನ ಮೇಲೆ ಚೆಲ್ಲಿತು. "ಎಂಥಾ ಕೆಲಸ ಮಾಡಿದ್ಯೋ ಹುಚ್ಚಾ! ಕೂಡಿಲ್ಲಿ, ಹೇಳ್ತೀನಿ…"

ನರಸಣ್ಣ ಆಗಲೇ ಮೆಟ್ಟಿಲಿಳಿದಿದ್ದ. ಮುದುಕನ ಗಾಬರಿ ನೋಡಿದ ಮೇಲೆ ಇನ್ನೇನು ಸಾಕ್ಷಿ ಬೇಕು? ಆಮೇಲೆ ರಾಜೇಸಾಬರು ಎರಡು ಸಲ ಮನೆಗೂ ಬಂದರು. ಇಲ್ಲ ಅನ್ನು ಎಂದು ಸೂಗಮ್ಮನಿಗೆ ಹೇಳಿ ಅವನು ಒಳಗೇ ಕೂತ.

ಏಳನೆಯ ಷರತ್ತು ರದ್ದಾಗಬೇಕೆಂದು ನರಸಣ್ಣ ಬೆಂಗಳೂರಿನ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿದ. ನ್ಯಾಯಮೂರ್ತಿಗಳು ಕನ್ನಡಕ ತೆಗೆದರು. "ಷರತ್ತು ಹಾಕುವುದು ಇಲಾಖೆಗೆ ಬಿಟ್ಟದ್ದು. ಅದರಲ್ಲಿ ನಾವು ಸುಲಭಕ್ಕೆ ಕೈಹಾಕುವುದಿಲ್ಲ. ಆದರೆ ಒಬ್ಬನ ಸಲುವಾಗಿಯೇ ಹಾಕಿದ್ದಾದರೆ ಬಿಡುವುದೂ ಇಲ್ಲ. ಈ ಷರತ್ತಿಗೆ ಹೊಂದುವವರು ಎಷ್ಟು ಜನ?"

ಸರ್ಕಾರಿ ವಕೀಲರು ಕಡತ ತಿರುವಿ, ಕಾಲಾವಕಾಶ ಕೇಳಿದರು. ಮುಂದಿನ ತಾರೀಖಿಗೆ ಉತ್ತರ ಬರಲಿಲ್ಲ. ಏಳನೆಯ ಷರತ್ತನ್ನು ಹಿಂದಕ್ಕೆ ಪಡೆದಿದ್ದೇವೆ ಎಂಬ ಹೇಳಿಕೆ ಬಂತು.

ನರಸಣ್ಣ ಓಣಿಗೆಲ್ಲ ಪೇಢೆ ಹಂಚಿದ. "ಎಷ್ಟು ಮಂದಿ ಅಂದ್ರ ಯಾಕ ಬಾಯಿ ಬಿಡಲಿಲ್ಲ? ಒಬ್ಬನೇ ಇದ್ದ, ಅದಕ್ಕ!" ಸೂಗಮ್ಮ ಪೇಢೆ ಬಾಯಿಗೆ ಹಾಕಿಕೊಳ್ಳದೆ, "ಆ ಮುದುಕ ಏನು ಹೇಳಾಕ ಬಂದಿದ್ನೋ," ಎಂದಳು.

ಟೆಂಡರ್ ಮತ್ತೆ ಕರೆದರು. ಷರತ್ತಿನ ಬೇಲಿ ಇಲ್ಲದ್ದರಿಂದ ಹನ್ನೊಂದು ಮಂದಿ ಹಾಕಿದರು. ಎಲ್ಲರಿಗಿಂತ ಕಡಿಮೆ ದರ ಬರೆದ ಪರ ಊರಿನ ಕಂಪನಿಯೊಂದಕ್ಕೆ ಕೆಲಸ ಹೋಯಿತು. ನರಸಣ್ಣನದು ನಾಲ್ಕನೆಯದು.

ಟೆಂಡರ್ ತೆರೆದ ದಿನ ಲಿಂಗಸುಗೂರಿನ ಆಫೀಸಿನಿಂದ ಹೊರಡುವಾಗ ಗುಮಾಸ್ತ ಕರೆದ. "ನಿಮ್ದೊಂದು ವಾಪಸ್ ಬಂದ ಟಪಾಲು ಐತ್ರಿ. ಕಡತ ಮುಚ್ಚಾಕತ್ತೀವಿ, ತಗೊಂಡು ಹೋಗ್ರಿ."

ಅದೇ ಲಕೋಟೆ, ಮೇಲೆ ಚಾಂದ್‌ಪಾಷಾನ ಅಕ್ಷರ. ಇನ್ನು ಸಹಿ ಮಾಡಿದರೆ ಹೋಗುವುದೇನಿದೆ? ಮಾಡಿದ. ಒಡೆದ. ಒಳಗೊಂದೇ ಹಾಳೆ, ಟೆಂಡರಿಗೆ ಲಗತ್ತಿಸುವ ಅನುಭವ ಪ್ರಮಾಣಪತ್ರ; ಕಚೇರಿಯ ಮೊಹರು, ತಳದಲ್ಲಿ 'ನನ್ನ ಒಪ್ಪಿಗೆ ಇದೆ' ಎಂದು ರಾಜೇಸಾಬರ ನಡುಗುವ ಸಹಿ.

'ಬಳಗಾನೂರಿನ ಕಮಾನನ್ನು, ನೀರು ಹರಿಯುತ್ತಿರುವಾಗಲೇ, ವಾಸ್ತವವಾಗಿ ದುರಸ್ತಿ ಮಾಡಿದ ಏಕೈಕ ವ್ಯಕ್ತಿ: ನರಸಣ್ಣ, ತಂದೆ ಅಂಬಪ್ಪ, ಮಸ್ಕಿ.'